ಎರಡನೇ ವಾರದ ಕಳ್ಳತನ

"ಚೆನ್ನಾಗಿದ್ರೆ ಯಾರು ತಡೆದ್ರೂ ಓಡುತ್ತೆ ಬಿಡಿ." ಕನ್ನಡ ಸಿನಿಮಾ ಮತ್ತು ಪೈರಸಿಯ ಮಾತು ಎದ್ದಲ್ಲೆಲ್ಲ ಈ ವಾಕ್ಯ ಕಿವಿಗೆ ಬೀಳುತ್ತದೆ. ಕಾಲೇಜು ಹುಡುಗರು ಹೇಳುತ್ತಾರೆ, ನಿವೃತ್ತ ಅಧಿಕಾರಿಗಳು ಹೇಳುತ್ತಾರೆ, ಯೂಟ್ಯೂಬಿನಲ್ಲಿ ವಿಮರ್ಶೆ ಒಪ್ಪಿಸುವವರು ಹೇಳುತ್ತಾರೆ. ಒಮ್ಮೊಮ್ಮೆ ಸಿನಿಮಾದವರೇ ವೇದಿಕೆಯ ಮೇಲೆ ತಮ್ಮ ಧೈರ್ಯಕ್ಕೆಂದು ಹೇಳಿಕೊಳ್ಳುತ್ತಾರೆ. ಟೆಲಿಗ್ರಾಂನಲ್ಲಿ ಕದ್ದ ಪ್ರತಿ ನೋಡಿದ್ದು ತಪ್ಪೇನಲ್ಲ, ಅದು ಸಿನಿಮಾಕ್ಕೆ ಒಡ್ಡಿದ ಪರೀಕ್ಷೆ, ಗಟ್ಟಿಯಿದ್ದದ್ದು ಪಾಸು, ಉಳಿದದ್ದು ಫೇಲು ಎಂಬ ಗತ್ತು ಆ ಧಾಟಿಯಲ್ಲಿರುತ್ತದೆ. ಕದ್ದವನು ಕಳ್ಳನಲ್ಲ, ಮೌಲ್ಯಮಾಪಕ!

ಪುರಾವೆಯ ಪಟ್ಟಿಯೂ ನಾಲಗೆಯ ತುದಿಯಲ್ಲೇ ಇರುತ್ತದೆ. 2013ರಲ್ಲಿ ತೆಲುಗಿನ 'ಅತ್ತಾರಿಂಟಿಕಿ ದಾರೇದಿ' ಬಿಡುಗಡೆಗೆ ಮೊದಲೇ ಅರ್ಧದಷ್ಟು ಹೊರಬಿತ್ತು, ತರಾತುರಿಯಲ್ಲಿ ತೆರೆಗೆ ತಂದರು, ಆ ವರ್ಷದ ದೊಡ್ಡ ಗೆಲುವುಗಳಲ್ಲೊಂದಾಯಿತು. 2015ರಲ್ಲಿ ಮಲಯಾಳದ 'ಪ್ರೇಮಂ' ಚಿತ್ರದ ಸೆನ್ಸಾರ್ ಪ್ರತಿಯೇ ಊರೆಲ್ಲ ಓಡಾಡಿತು, ಚಿತ್ರವೂ ಓಡಿತು. ನಮ್ಮಲ್ಲೇ 'ಕೆಜಿಎಫ್ 2' ಸಾವಿರ ಕೋಟಿ ದಾಟಲಿಲ್ಲವೇ? 'ಕಾಂತಾರ' ದೇಶ ಸುತ್ತಲಿಲ್ಲವೇ? ದೊಡ್ಡ ತಾರೆಯ ಹೆಗಲಿಲ್ಲದ 'ಸು ಫ್ರಮ್ ಸೋ' 2025ರ ಜುಲೈನಲ್ಲಿ ಬಂದು ನೂರು ಕೋಟಿ ಮುಟ್ಟಲಿಲ್ಲವೇ? ಇನ್ನೇನು ಬೇಕು?

ಹೊಳೆ ದಾಟಿ ಬಂದವನನ್ನು ದಡದಲ್ಲಿ ನಿಲ್ಲಿಸಿಕೊಂಡು, ಹೊಳೆಯಲ್ಲಿ ಆಳವೇ ಇಲ್ಲ ಎಂದು ಸಾಕ್ಷಿ ಹೇಳಿಸಿದ ಹಾಗಿದೆ ಇದು. ಕೊಚ್ಚಿಹೋದವರು ಸಾಕ್ಷಿಗೆ ಬರುವುದಿಲ್ಲ. ಕನ್ನಡದಲ್ಲಿ ವರ್ಷಕ್ಕೆ ಇನ್ನೂರರ ಆಸುಪಾಸು ಚಿತ್ರಗಳು ತೆರೆಕಾಣುತ್ತವೆ. ಅವುಗಳಲ್ಲಿ ಬಹುಪಾಲು ಕೆಟ್ಟವೇ ಇರಬಹುದು, ಅದರ ಬಗ್ಗೆ ಜಗಳವಿಲ್ಲ. ಆದರೆ ಚೆನ್ನಾಗಿದ್ದೂ ಓಡದ ಹತ್ತಾರು ಚಿತ್ರಗಳ ಹೆಸರನ್ನು ಈ ವಾದ ಹೂಡುವವರ ಬಾಯಲ್ಲಿ ಒಮ್ಮೆಯೂ ಕೇಳುವುದಿಲ್ಲ. ಓಡಲಿಲ್ಲ, ಆದ್ದರಿಂದ ಚೆನ್ನಾಗಿರಲಿಲ್ಲ ಎಂದು ಅವರು ಮೊದಲೇ ತೀರ್ಮಾನಿಸಿಬಿಟ್ಟಿರುತ್ತಾರೆ. ಹೀಗೆ ಸುತ್ತು ಹಾಕಿ ತನ್ನ ಬಾಲವನ್ನೇ ತಾನು ಹಿಡಿಯುವ ವಾದವನ್ನು ಸೋಲಿಸಲು ಯಾವ ಪುರಾವೆಯಿಂದಲೂ ಆಗದು. ಅದಕ್ಕೇ ಅದು ಇಷ್ಟು ಜನಪ್ರಿಯ.

ವಾದದ ತಪ್ಪು ತಿಳಿಯಬೇಕಾದರೆ ಒಂದು ಕನ್ನಡ ಚಿತ್ರ ದುಡ್ಡು ಮಾಡುವ ಬಗೆಯನ್ನು ಸ್ವಲ್ಪ ಹತ್ತಿರದಿಂದ ನೋಡಬೇಕು. ತಾರಾಚಿತ್ರದ ಸಂಗತಿ ಸರಳ. ಟಿವಿ ಹಕ್ಕು, ಡಬ್ಬಿಂಗ್ ಹಕ್ಕು, ಆಡಿಯೋ ಹಕ್ಕುಗಳಲ್ಲಿ ಒಂದಷ್ಟಾದರೂ ಬಿಡುಗಡೆಗೆ ಮುಂಚೆಯೇ ಮಾರಾಟವಾಗಿರುತ್ತದೆ. ಮಿಕ್ಕದ್ದನ್ನು ಅಭಿಮಾನಿಗಳು ಮೊದಲ ಮೂರು ದಿನಗಳಲ್ಲಿ ತುಂಬಿಕೊಡುತ್ತಾರೆ. ಮುಂಜಾನೆ ಆರರ ಶೋಗೆ ಡೊಳ್ಳು ಬಾರಿಸುತ್ತ ಬರುವವನು ಟೆಲಿಗ್ರಾಂ ಲಿಂಕ್ ಸಿಕ್ಕಿತೆಂದು ಮನೆಯಲ್ಲಿ ಉಳಿಯುವುದಿಲ್ಲ. ಅವನು ಕಥೆ ನೋಡಲು ಬಂದವನಲ್ಲ, ಹಬ್ಬ ಮಾಡಲು ಬಂದವನು. ಪೈರಸಿ ಅಲ್ಲಿ ನೋಯಿಸುತ್ತದೆ, ಕೊಲ್ಲುವುದಿಲ್ಲ.

ಹೊಸ ನಿರ್ದೇಶಕನ, ಹೊಸ ನಟರ, ಎರಡು ಮೂರು ಕೋಟಿಯ ಚಿತ್ರದ ಸಂಗತಿ ಬೇರೆ. ಮುಂಚೆ ಮಾರಾಟವಾದದ್ದು ಏನೂ ಇರುವುದಿಲ್ಲ. ಶುಕ್ರವಾರ ಬೆಳಗಿನ ಶೋನಲ್ಲಿ ನಾಯಕನ ಅಣ್ಣತಮ್ಮಂದಿರು, ನಿರ್ಮಾಪಕರ ಊರಿನವರು, ನಾಲ್ಕು ಪತ್ರಕರ್ತರು ಇರುತ್ತಾರೆ. ಶನಿವಾರ ಅವರಲ್ಲಿ ಯಾರೋ "ಚೆನ್ನಾಗಿದೆ, ಹೋಗಿ ನೋಡಿ" ಎಂದು ಬರೆಯುತ್ತಾರೆ. ಭಾನುವಾರ ಮಾತು ಹರಡುತ್ತದೆ. ಸೋಮವಾರ ಕೆಲಸದ ದಿನ. ಈ ಮಾತು ಕೇಳಿದವರು ಸಿನಿಮಾಕ್ಕೆ ಹೋಗಬೇಕಾದದ್ದು ಮುಂದಿನ ಶನಿವಾರ. ಅಂದರೆ ಇಂಥ ಚಿತ್ರದ ನಿಜವಾದ ಬಿಡುಗಡೆ ಎರಡನೇ ವಾರದಲ್ಲಿ. ಆ ಎರಡನೇ ವಾರ ಇದೆಯೋ ಇಲ್ಲವೋ ಎಂಬುದು ತೀರ್ಮಾನವಾಗುವುದು ಮಾತ್ರ ಸೋಮವಾರದಿಂದ ಬುಧವಾರದೊಳಗೆ. ಮಲ್ಟಿಪ್ಲೆಕ್ಸಿನವರು ಆ ಮೂರು ದಿನಗಳ ಸೀಟು ಲೆಕ್ಕ ನೋಡಿ ಮುಂದಿನ ಶುಕ್ರವಾರದ ಶೋಗಳನ್ನು ಹಂಚುತ್ತಾರೆ. ಅವರ ಪರದೆಯ ಮೇಲೆ ಹಿಂದಿ, ತೆಲುಗು, ತಮಿಳು, ಮಲಯಾಳ, ಇಂಗ್ಲಿಷ್ ಎಲ್ಲವೂ ಸರದಿಯಲ್ಲಿ ನಿಂತಿರುತ್ತವೆ. ಬೆಂಗಳೂರಿನಷ್ಟು ಭಾಷೆಗಳ ಚಿತ್ರಗಳಿಗೆ ಪರದೆ ಹಂಚುವ ನಗರ ದೇಶದಲ್ಲಿ ಅಪರೂಪ, ಆ ಹಂಚಿಕೆಯ ಏಟು ಮೊದಲು ಬೀಳುವುದು ಕನ್ನಡದ ಚಿಕ್ಕ ಚಿತ್ರಕ್ಕೆ.

ಇನ್ನೂರು ಸೀಟಿನ ಪರದೆಯಲ್ಲಿ ಮಂಗಳವಾರ ಸಂಜೆ ಅರವತ್ತು ಜನ ಬರಬೇಕಿತ್ತು ಎಂದಿಟ್ಟುಕೊಳ್ಳಿ. ಅದರಲ್ಲಿ ಇಪ್ಪತ್ತು ಜನ ಭಾನುವಾರ ರಾತ್ರಿಯೇ ಮೊಬೈಲಿನಲ್ಲಿ ನೋಡಿ ಮುಗಿಸಿದ್ದಾರೆ. ನಷ್ಟವಾದದ್ದು ಇಪ್ಪತ್ತು ಟಿಕೆಟ್ ಎಂದುಕೊಂಡರೆ ಲೆಕ್ಕ ತಪ್ಪಿತು. ಅರವತ್ತು ಜನ ಬಂದಿದ್ದರೆ ಚಿತ್ರಕ್ಕೆ ಮುಂದಿನ ವಾರ ಎರಡು ಶೋ ಸಿಗುತ್ತಿತ್ತು. ನಲವತ್ತು ಬಂದದ್ದಕ್ಕೆ ಬೆಳಗಿನ ಹತ್ತರ ಒಂದು ಶೋ ಸಿಗುತ್ತದೆ, ಇಲ್ಲವೇ ಅದೂ ಇಲ್ಲ. ಆಗ, ಮಾತು ಕೇಳಿ ಶನಿವಾರ ಸಂಜೆ ಮಕ್ಕಳನ್ನು ಕರೆದುಕೊಂಡು ಹೊರಟ ಪ್ರಾಮಾಣಿಕನಿಗೂ ಸಿನಿಮಾ ಸಿಗುವುದಿಲ್ಲ. ಕದ್ದು ನೋಡಿದವನು ತನ್ನ ಟಿಕೆಟನ್ನು ಮಾತ್ರ ಉಳಿಸಿಕೊಳ್ಳಲಿಲ್ಲ, ಇನ್ನೂರು ಜನರ ಶೋವನ್ನೇ ಎತ್ತಿಹಾಕಿದ. "ನಾನೊಬ್ಬ ನೋಡಿದರೆ ಏನಾಗುತ್ತೆ" ಎನ್ನುವವರಿಗೆ ನನ್ನ ಉತ್ತರ ಇಷ್ಟೇ: ನೀವೊಬ್ಬರು ನೋಡಿದ್ದರಿಂದ ಆಗುವುದೆಲ್ಲ ಆ ಮೂರು ದಿನಗಳಲ್ಲೇ ಆಗುತ್ತದೆ.

ಒಂಟಿ ಪರದೆಯ ಚಿತ್ರಮಂದಿರಗಳಲ್ಲಿ ಪೆಟ್ಟು ಇನ್ನೂ ನೇರ. ಕರ್ನಾಟಕದ ಎಷ್ಟೋ ಊರುಗಳಲ್ಲಿ ಇಂದಿಗೂ ನಡೆಯುವುದು ಬಾಡಿಗೆ ಪದ್ಧತಿ. ವಾರಕ್ಕೆ ಇಷ್ಟು ಎಂದು ಚಿತ್ರಮಂದಿರದ ಬಾಡಿಗೆಯನ್ನು ನಿರ್ಮಾಪಕ ಅಥವಾ ವಿತರಕ ಕಟ್ಟಬೇಕು. ಜನ ಬಂದರೂ ಅದೇ ಬಾಡಿಗೆ, ಬಾರದಿದ್ದರೂ ಅದೇ. ಹಾಗಾಗಿ ಕಡಿಮೆಯಾದ ಒಂದೊಂದು ಟಿಕೆಟ್ಟೂ ಪೂರ್ತಿಯಾಗಿ ನಿರ್ಮಾಪಕನ ಕಿಸೆಯಿಂದಲೇ ಹೋಗುತ್ತದೆ. ಶೇಕಡಾವಾರು ಹಂಚಿಕೆಯಿದ್ದಿದ್ದರೆ ನಷ್ಟವೂ ಹಂಚಿಹೋಗುತ್ತಿತ್ತು. ಈ ಪದ್ಧತಿ ಬದಲಾಗಲಿ ಎಂದು ನಿರ್ಮಾಪಕರು ವರ್ಷಗಳಿಂದ ಕೇಳುತ್ತಿದ್ದಾರೆ. ಅದು ಅವರವರ ಜಗಳ, ಇರಲಿ.

ಎರಡನೇ ವಾರ ಎಂಬುದು ಕನ್ನಡ ಚಿತ್ರರಂಗಕ್ಕೆ ಎಷ್ಟು ಮುಖ್ಯ ಎಂಬುದಕ್ಕೆ ಅದರ ಚರಿತ್ರೆಯೇ ಸಾಕ್ಷಿ. 2006ರ ಡಿಸೆಂಬರ್ ಕೊನೆಯಲ್ಲಿ ಬಂದ 'ಮುಂಗಾರು ಮಳೆ' ಒಂದೇ ಮಲ್ಟಿಪ್ಲೆಕ್ಸಿನಲ್ಲಿ ವರ್ಷಕ್ಕೂ ಹೆಚ್ಚು ಕಾಲ ನಿಂತಿತು. ಅದರ ನಾಯಕ ಗಣೇಶ್ ಆಗ ಇನ್ನೂ ತಾರೆಯಲ್ಲ, ಆ ಚಿತ್ರವೇ ಅವರನ್ನು ತಾರೆಯಾಗಿಸಿತು. 'ರಂಗಿತರಂಗ' 2015ರ ಜುಲೈ 3ರಂದು ಬಂತು. ಅನೂಪ್ ಭಂಡಾರಿಗೆ ಅದು ಮೊದಲ ಚಿತ್ರ, ನಾಯಕ ನಿರೂಪ್ ಭಂಡಾರಿಗೂ ಮೊದಲನೆಯದೇ. ಒಂದೇ ವಾರದಲ್ಲಿ 'ಬಾಹುಬಲಿ' ಬಂದು ಪರದೆಗಳನ್ನು ಬಳಿದುಕೊಂಡಿತು. ಆ ಹೊತ್ತಿಗೆ ಚಿತ್ರ ನೋಡಿದ್ದವರು, ನೋಡಬೇಕೆಂದು ಕಾಯುತ್ತಿದ್ದವರು ಗಲಾಟೆ ಎಬ್ಬಿಸಿದರು, ಚಿತ್ರಕ್ಕೆ ಶೋಗಳು ಮರಳಿದವು, ಆಮೇಲೆ ಅದು ಅಮೆರಿಕದ ಪರದೆಗಳವರೆಗೂ ಹೋಯಿತು. ಆ ಗಲಾಟೆ ಎದ್ದದ್ದೇಕೆ? ಚಿತ್ರ ನೋಡಲು ಬೇರೆ ದಾರಿ ಸುಲಭವಾಗಿರಲಿಲ್ಲ, ಅದಕ್ಕೆ. ಮೊಬೈಲ್ ಡೇಟಾ ಅಗ್ಗವಾಗಿಸಿದ ಜಿಯೋ ಆಗಿನ್ನೂ ಬಂದಿರಲಿಲ್ಲ. ಅದು ಬಂದದ್ದು 2016ರ ಸೆಪ್ಟೆಂಬರ್‌ನಲ್ಲಿ. ಅದಕ್ಕೆ ಮುಂಚೆ ಒಂದೂವರೆ ಜಿಬಿಯ ಫೈಲನ್ನು ಮೊಬೈಲಿಗೆ ಇಳಿಸಿಕೊಳ್ಳುವುದು ಟಿಕೆಟ್ಟಿನಷ್ಟೇ ದುಬಾರಿ ಬಾಬತ್ತು. ಇಂದು ಅದೇ ಪರಿಸ್ಥಿತಿ ಎದುರಾದರೆ ಪರದೆಗಾಗಿ ಯಾರೂ ಗಲಾಟೆ ಮಾಡುವುದಿಲ್ಲ, "ಪ್ರಿಂಟ್ ಬಂತಾ?" ಎಂದು ಕೇಳುತ್ತಾರೆ ಅಷ್ಟೇ.

ಹಾಗಾದರೆ 2025ರ 'ಸು ಫ್ರಮ್ ಸೋ' ಹೇಗೆ ಗೆದ್ದಿತು ಎಂಬ ಪ್ರಶ್ನೆ ಬರುತ್ತದೆ, ಬರಲೇಬೇಕು. ಅದರ ಮಾತು ಬಿಡುಗಡೆಗೂ ಮುಂಚೆ, ಟಿಕೆಟ್ ಇಟ್ಟು ನಡೆಸಿದ ಪ್ರೀಮಿಯರ್ ಶೋಗಳಲ್ಲಿಯೇ ಹುಟ್ಟಿಕೊಂಡಿತು. ಮೊದಲ ಶನಿವಾರವೇ ಶೋಗಳು ಏರತೊಡಗಿದವು. ಎರಡನೇ ವಾರದಲ್ಲಿ ಆಗಬೇಕಾದದ್ದನ್ನು ಆ ತಂಡ ಮೂರು ದಿನಗಳೊಳಗೆ ಮಾಡಿ ಮುಗಿಸಿತು. ಜೊತೆಗೆ ಅದು ಹಾಸ್ಯದ ಚಿತ್ರ. ನೂರಾರು ಜನ ಒಟ್ಟಿಗೆ ನಗುವುದು ಮೊಬೈಲಿನಲ್ಲಿ ಸಿಗುವುದಿಲ್ಲ. ನಿರ್ದೇಶಕ ಜೆ.ಪಿ. ತುಮಿನಾಡು ಮತ್ತು ನಿರ್ಮಾಪಕ ರಾಜ್ ಬಿ. ಶೆಟ್ಟಿಯವರ ಈ ಜಾಣ್ಮೆಗೆ ಶಹಬ್ಬಾಸ್ ಹೇಳೋಣ. ಆದರೆ ಎಲ್ಲ ಒಳ್ಳೆಯ ಚಿತ್ರಗಳೂ ನಗಿಸುವುದಿಲ್ಲ. ಮೆಲ್ಲನೆ ಮನಸ್ಸಿಗಿಳಿಯುವ, ಹತ್ತು ಜನರ ಮಾತಿನಿಂದ ನೂರು ಜನರಿಗೆ ತಲುಪುವ ಚಿತ್ರ ಏನು ಮಾಡಬೇಕು? ಮೂರು ದಿನದಲ್ಲಿ ಗೆಲ್ಲುವ ಚಿತ್ರ ಮಾತ್ರ ಚೆನ್ನಾಗಿರುವ ಚಿತ್ರ ಎಂದು ಒಪ್ಪುವುದಾದರೆ ನಿರ್ದೇಶಕ ಗಿರೀಶ್ ಕಾಸರವಳ್ಳಿಯವರ ಪರಂಪರೆಯನ್ನು ಇಂದೇ ಮುಚ್ಚಿಬಿಡಬಹುದು.

ಇಲ್ಲಿಗೆ ಮೊದಲ ವಾದ ಕುಸಿದರೆ ಎರಡನೆಯದು ಮುಂದೆ ಬರುತ್ತದೆ: "ಟಿಕೆಟ್ ರೇಟು ನೋಡಿದ್ದೀರಾ ಸ್ವಾಮಿ? ನಾಲ್ಕು ಜನ ಹೋಗಿ ಪಾಪ್‌ಕಾರ್ನ್ ತಿಂದು ಬಂದರೆ ಎರಡು ಸಾವಿರ." ಸಿಟ್ಟು ನ್ಯಾಯವಾದದ್ದೇ. ಕರ್ನಾಟಕ ಸರ್ಕಾರ 2025ರ ಸೆಪ್ಟೆಂಬರ್‌ನಲ್ಲಿ ತೆರಿಗೆ ಬಿಟ್ಟು 200 ರೂಪಾಯಿಗಿಂತ ಹೆಚ್ಚು ಟಿಕೆಟ್ ದರ ಇಡಬಾರದೆಂದು ನಿಯಮ ತಂದಿತು. ಅದೇ ತಿಂಗಳೊಳಗೆ ಹೈಕೋರ್ಟ್ ಅದಕ್ಕೆ ತಡೆ ಕೊಟ್ಟಿತು. ದರ ಏರಿಸುವವರು ಯಾರು, ಇಳಿಸಬಾರದೆಂದು ನ್ಯಾಯಾಲಯಕ್ಕೆ ಹೋದವರು ಯಾರು ಎಂಬುದು ಬಚ್ಚಿಟ್ಟ ಸಂಗತಿಯೇನಲ್ಲ. ಚಿಕ್ಕ ಚಿತ್ರದ ನಿರ್ಮಾಪಕನಿಗೆ ದರ ನಿಗದಿಯಲ್ಲಿ ಕವಡೆ ಕಾಸಿನ ಅಧಿಕಾರವಿಲ್ಲ, ಪಾಪ್‌ಕಾರ್ನಿನ ದುಡ್ಡಿನಲ್ಲಿ ಪಾಲಂತೂ ಇಲ್ಲವೇ ಇಲ್ಲ. ಮಾಲ್‌ನ ಮೇಲಿನ ಸಿಟ್ಟನ್ನು ನಿರ್ಮಾಪಕನ ಮೇಲೆ ತೀರಿಸಿಕೊಳ್ಳುವುದು ಯಾವ ನ್ಯಾಯ? ಅಲ್ಲದೆ ದರ ಕಡಿಮೆಯಿರುವ ತಾಲ್ಲೂಕು ಕೇಂದ್ರದ ಚಿತ್ರಮಂದಿರಗಳಾದರೂ ತುಂಬಿ ತುಳುಕಬೇಕಿತ್ತಲ್ಲ! ಅವು ಕಲ್ಯಾಣಮಂಟಪಗಳಾಗುತ್ತಿವೆ, ಗೋದಾಮುಗಳಾಗುತ್ತಿವೆ. ಬೆಂಗಳೂರಿನ ಗಾಂಧಿನಗರದಲ್ಲೇ ಕಪಾಲಿಯಂಥ ದೈತ್ಯ ಚಿತ್ರಮಂದಿರ ನೆಲಸಮವಾಯಿತು. ಅದಕ್ಕೆ ಪೈರಸಿಯೊಂದೇ ಕಾರಣ ಎನ್ನುವಷ್ಟು ಅವಿವೇಕಿ ನಾನಲ್ಲ. ಆ ನೆಲದ ಬೆಲೆಯೇ ಅದನ್ನು ಉರುಳಿಸಲು ಸಾಕಿತ್ತು. ಆದರೆ ದರ ಇಳಿದರೆ ಕಳವು ನಿಲ್ಲುತ್ತದೆ ಎಂಬ ಭರವಸೆಗೆ ಮಾತ್ರ ಎಲ್ಲಿಯೂ ಆಧಾರ ಕಾಣುತ್ತಿಲ್ಲ.

ಪುಕ್ಕಟೆ ನೋಡುತ್ತಿದ್ದೇವೆ ಎಂದುಕೊಂಡವರು ನಿಜಕ್ಕೂ ಪುಕ್ಕಟೆ ನೋಡುತ್ತಿದ್ದಾರೆಯೇ ಎಂಬುದನ್ನೂ ಕೇಳಬೇಕು. ಚಿತ್ರಮಂದಿರದಲ್ಲಿ ಕದ್ದು ಚಿತ್ರೀಕರಿಸಿದ ಪ್ರತಿಗಳನ್ನು ನೋಡಿದ ಯಾರಿಗೂ ಆ ಜಾಹೀರಾತು ಹೊಸದಲ್ಲ. ಪರದೆಯ ಮೂಲೆಯಲ್ಲಿ, ನಡುನಡುವೆ ಅಡ್ಡ ಬಂದು, ಜೂಜಿನ ಆ್ಯಪ್ ಒಂದು ತನ್ನ ಹೆಸರು ಮೆರೆಸುತ್ತಿರುತ್ತದೆ. ಕಳ್ಳ ಪ್ರತಿಯ ಪ್ರಾಯೋಜಕರು ಅವರೇ. 2025ರ ನವೆಂಬರ್‌ನಲ್ಲಿ ಹೈದರಾಬಾದ್ ಪೊಲೀಸರು 'ಐಬೊಮ್ಮ' ಎಂಬ ತೆಲುಗು ಪೈರಸಿ ತಾಣ ನಡೆಸುತ್ತಿದ್ದ ಆರೋಪದ ಮೇಲೆ ಒಬ್ಬನನ್ನು ಬಂಧಿಸಿದಾಗ ಹೇಳಿದ್ದೂ ಇದನ್ನೇ. ಸಿನಿಮಾ ಅಲ್ಲಿ ಗಾಳಕ್ಕೆ ಸಿಕ್ಕಿಸಿದ ಎರೆ, ದುಡ್ಡು ಬರುವುದು ಬೆಟ್ಟಿಂಗ್ ಆ್ಯಪ್‌ಗಳಿಂದ ಎಂದು. ಬಂಧನದ ಸುದ್ದಿಗಿಂತ ನನ್ನನ್ನು ಬೆಚ್ಚಿಸಿದ್ದು ಆಮೇಲಿನದು. ಸಾಮಾಜಿಕ ಜಾಲತಾಣದಲ್ಲಿ ಸಾವಿರಾರು ಜನ ಆ ಆರೋಪಿಯನ್ನು ಬಡವರ ಬಂಧು ಎಂದು ಹೊಗಳಿದರು, ಪೊಲೀಸರನ್ನು ಹಂಗಿಸಿದರು. ಈ ಇಡೀ ವ್ಯವಹಾರದಲ್ಲಿ ಮೊಬೈಲ್ ಕಂಪನಿಗೆ ಡೇಟಾದ ದುಡ್ಡು ಹೋಗುತ್ತದೆ, ತಾಣ ನಡೆಸುವವನಿಗೆ ಜಾಹೀರಾತಿನ ದುಡ್ಡು, ಜೂಜಿನವನಿಗೆ ಹುಡುಗರ ಸಂಬಳ. ದುಡ್ಡು ಸಿಗದಿರುವುದು ಒಬ್ಬರಿಗೆ ಮಾತ್ರ, ಆ ಸಿನಿಮಾ ಮಾಡಿದವರಿಗೆ. ಇದನ್ನು ಸಮಾಜಸೇವೆ ಎಂದು ಕರೆಯುವವರಿಗೆ ಕೈ ಮುಗಿಯುತ್ತೇನೆ.

"ನಮಗೆ ಕನ್ನಡ ಸಿನಿಮಾ ಸಿಗುವುದೇ ಇಲ್ಲ, ಇನ್ನೇನು ಮಾಡೋಣ?" ಎಂಬ ಮೂರನೆಯ ವಾದದ ಮುಂದೆ ಮಾತ್ರ ನಾನು ಸ್ವಲ್ಪ ತಡೆಯುತ್ತೇನೆ, ಏಕೆಂದರೆ ಇದರಲ್ಲಿ ಸತ್ಯವಿದೆ. ಮಸ್ಕತ್‌ನಲ್ಲಿರುವ, ಜರ್ಮನಿಯಲ್ಲಿರುವ ಕನ್ನಡಿಗನ ಊರಿನಲ್ಲಿ ಕನ್ನಡ ಚಿತ್ರ ಬಂದರೆ ಒಂದು ಶೋ, ಅದೂ ಎರಡು ಮೂರು ವಾರ ತಡವಾಗಿ. ಚಿತ್ರಮಂದಿರವೇ ಮುಚ್ಚಿಹೋದ ಊರುಗಳು ನಮ್ಮಲ್ಲೂ ಬೇಕಾದಷ್ಟಿವೆ. ಓಟಿಟಿಗಳಂತೂ ಕನ್ನಡವನ್ನು ಬಾಗಿಲಲ್ಲೇ ನಿಲ್ಲಿಸಿವೆ. ರಕ್ಷಿತ್ ಶೆಟ್ಟಿಯಂಥ ಹೆಸರಿರುವವರ ಸಂಸ್ಥೆಯೇ ತನ್ನ 'ಏಕಂ' ಸರಣಿಯನ್ನು 2024ರ ಜುಲೈನಲ್ಲಿ ಸ್ವಂತ ಜಾಲತಾಣ ಮಾಡಿ ಬಿಡುಗಡೆ ಮಾಡಬೇಕಾಯಿತು. 2011ರ ಜನಗಣತಿಯಲ್ಲಿ ಕನ್ನಡ ತಾಯ್ನುಡಿಯವರು 4.37 ಕೋಟಿ, ಮಲಯಾಳದವರು 3.48 ಕೋಟಿ. ಜನಸಂಖ್ಯೆಯೇ ಅಳತೆಯಾಗಿದ್ದರೆ ಓಟಿಟಿಗಳು ಕನ್ನಡದ ಮುಂದೆ ಸರದಿ ನಿಲ್ಲಬೇಕಿತ್ತು. ಅವರು ನೋಡುವುದು ಬೇರೆ ಲೆಕ್ಕ. ಕೊಟ್ಟು ನೋಡುವವರು ಎಷ್ಟು ಜನ?

ಹಾಗಾಗಿ 'ಸಿಗುವುದಿಲ್ಲ' ಎಂಬ ನೆಪವೂ ಪೂರ್ತಿ ನಿಲ್ಲುವುದಿಲ್ಲ. ಇಂದು ಓಟಿಟಿಯವರು ಚಿಕ್ಕ ಚಿತ್ರವನ್ನು ಕೊಳ್ಳುವ ಮೊದಲು ಚಿತ್ರಮಂದಿರದಲ್ಲಿ ಎಷ್ಟು ವಾರ ಓಡಿತು ಎಂದು ಕೇಳುತ್ತಾರೆ. ಎರಡನೇ ವಾರ ಸಿಗದ ಚಿತ್ರಕ್ಕೆ ಒಟ್ಟು ಮೊತ್ತ ಕೊಡುವುದಿಲ್ಲ, ಜನ ನೋಡಿದ ಗಂಟೆಗಳ ಲೆಕ್ಕದಲ್ಲಿ ಚಿಲ್ಲರೆ ಕೊಡುತ್ತೇವೆ ಎನ್ನುತ್ತಾರೆ. ಸರಿ, ಹಾಗಾದರೂ ಆಗಲಿ ಎಂದು ಹಾಕಿದರೆ, ಓಟಿಟಿಗೆ ಬಂದ ದಿನವೇ ಅಲ್ಲಿನ ಹೊಳೆಯುವ ಪ್ರತಿ ಟೆಲಿಗ್ರಾಂಗೆ ಬಂದಿರುತ್ತದೆ. ನೋಡಿದ ಗಂಟೆಗಳೂ ಅಲ್ಲಿಗೆ ಹೋಗುತ್ತವೆ. ಒಂದೇ ಚಿತ್ರವನ್ನು ಎರಡು ಸಲ ದೋಚಿ, ಮೂರನೆಯ ಸಲ "ಓಟಿಟಿಯಲ್ಲಿ ಕನ್ನಡ ಏಕಿಲ್ಲ?" ಎಂದು ಭಾಷಾಭಿಮಾನದ ಹೋರಾಟ ಮಾಡುವವರನ್ನು ನಾವೆಲ್ಲ ಬಲ್ಲೆವು. ಅಭಿಯಾನದ ಪೋಸ್ಟರ್ ಹಾಕಿದ ಗುಂಪಿನಲ್ಲೇ ಅದರ ಕೆಳಗೆ ಲಿಂಕ್ ಹಂಚಿಕೆಯೂ ನಡೆದಿರುತ್ತದೆ. ಮತ್ತೊಂದು ಮಾತು. ಸಿಗದ ಚಿತ್ರಗಳಿಗಾಗಿ ಈ ತಾಣಗಳು ಹುಟ್ಟಿದ್ದಾದರೆ ಅವುಗಳ ಮುಖಪುಟದಲ್ಲಿ ಹಳೆಯ, ಅಪರೂಪದ ಚಿತ್ರಗಳು ಇರಬೇಕಿತ್ತು. ಇರುವುದು ನಿನ್ನೆ ತೆರೆಕಂಡದ್ದು, ನಿಮ್ಮ ಮನೆಯಿಂದ ಎರಡು ಕಿಲೋಮೀಟರ್ ದೂರದಲ್ಲಿ ಇವತ್ತೂ ಓಡುತ್ತಿರುವುದು.

ಪೈರಸಿಯೇ ನಮ್ಮ ಹಳೆಯ ಚಿತ್ರಗಳ ಭಂಡಾರ ಎಂದು ಹೇಳುವ ಸಿನಿಮಾಪ್ರೇಮಿಗಳ ಒಂದು ಚಿಕ್ಕ ಗುಂಪಿದೆ. ಅವರ ನೋವು ನನಗೆ ಅರ್ಥವಾಗುತ್ತದೆ. ಮೊದಲ ಕನ್ನಡ ವಾಕ್ಚಿತ್ರ, 1934ರ 'ಸತಿ ಸುಲೋಚನ'ದ ಪ್ರತಿಯೇ ಇಂದು ಇಲ್ಲ. ಎಷ್ಟೋ ಚಿತ್ರಗಳು ಟಿವಿ ವಾಹಿನಿಯ ಲೋಗೊ ಹೊತ್ತ ಮಸುಕು ಪ್ರತಿಯಲ್ಲಿ ಮಾತ್ರ ಸಿಗುತ್ತವೆ, ಅದನ್ನು ಯಾರೋ ಏರಿಸಿದ್ದಕ್ಕೆ ಸಿಕ್ಕಿತು ಎಂಬುದೂ ನಿಜ. ಆದರೆ ಅದನ್ನು ಸಂರಕ್ಷಣೆ ಎನ್ನಬೇಡಿ. ಕಾಸರವಳ್ಳಿಯವರ 1977ರ 'ಘಟಶ್ರಾದ್ಧ' 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಮರುಜನ್ಮ ಪಡೆದು ಬಂದದ್ದು ಫಿಲ್ಮ್ ಹೆರಿಟೇಜ್ ಫೌಂಡೇಶನ್ ಮತ್ತು ವರ್ಲ್ಡ್ ಸಿನಿಮಾ ಪ್ರಾಜೆಕ್ಟ್ ಜೊತೆಯಾಗಿ ನಡೆಸಿದ ಪುನರುಜ್ಜೀವನದಿಂದ. ಟೊರೆಂಟ್‌ನಲ್ಲಿ ಕುಳಿತ ಏಳುನೂರು ಎಂಬಿ ಫೈಲಿನಿಂದ ಅದು ಆಗುತ್ತಿರಲಿಲ್ಲ. ಅಷ್ಟಕ್ಕೂ ಹಳೆಯ ಚಿತ್ರದ ಹೆಸರು ಹೇಳಿ ಹೊಸ ಚಿತ್ರ ಕದಿಯುವವರೇ ಹೆಚ್ಚು. 'ವಂಶವೃಕ್ಷ'ದಂಥ ಹಳೆಯ ಚಿತ್ರ ಹುಡುಕಿಕೊಂಡು ಟೆಲಿಗ್ರಾಂ ಸೇರಿದವರ ಸಂಖ್ಯೆ ದೊಡ್ಡದಿದ್ದಿದ್ದರೆ ಕನ್ನಡಕ್ಕೆ ಈ ಗತಿ ಬರುತ್ತಿರಲಿಲ್ಲ.

ಕಾನೂನು ಏನು ಮಾಡುತ್ತಿದೆ? ಹಾಳೆಯ ಮೇಲೆ ಬೇಕಾದಷ್ಟು. ಕರ್ನಾಟಕ 2014ರಲ್ಲೇ ಗೂಂಡಾ ಕಾಯ್ದೆಗೆ ತಿದ್ದುಪಡಿ ತಂದು ವಿಡಿಯೋ, ಆಡಿಯೋ ಕಳ್ಳರನ್ನು ಅದರೊಳಗೆ ಸೇರಿಸಿತು. 2023ರ ಸಿನಿಮಾಟೋಗ್ರಾಫ್ ತಿದ್ದುಪಡಿ ಕಾಯ್ದೆ ಚಿತ್ರಮಂದಿರದಲ್ಲಿ ಕದ್ದು ಚಿತ್ರೀಕರಿಸುವವರಿಗೆ ಕನಿಷ್ಠ 3 ತಿಂಗಳ ಜೈಲು, 3 ಲಕ್ಷ ರೂಪಾಯಿ ದಂಡ ಇಟ್ಟಿತು. ಗರಿಷ್ಠ 3 ವರ್ಷ ಮತ್ತು ಚಿತ್ರದ ನಿರ್ಮಾಣ ವೆಚ್ಚದ ಶೇ. 5ರವರೆಗೆ ದಂಡ. ದೂರು ಕೊಟ್ಟರೆ 48 ಗಂಟೆಗಳೊಳಗೆ ಲಿಂಕ್ ತೆಗೆಸಲು ಕೇಂದ್ರ ಸರ್ಕಾರ ನೋಡಲ್ ಅಧಿಕಾರಿಗಳನ್ನೂ ನೇಮಿಸಿತು. ಶುಕ್ರವಾರ ಬಂದ ಚಿತ್ರದ ಹಣೆಬರಹ ಬುಧವಾರಕ್ಕೆ ಮುಗಿಯುವಾಗ 48 ಗಂಟೆ ಎಂದರೆ ಅದರ ಆಯುಷ್ಯದ ದೊಡ್ಡ ಪಾಲು. ಒಂದು ಚಾನೆಲ್ ಮುಚ್ಚಿಸಿದರೆ ಮತ್ತೊಂದು ಹೆಸರಿನಲ್ಲಿ ಅದೇ ಚಾನೆಲ್ ತೆರೆದಿರುತ್ತದೆ. ಇನ್ನು ದೊಡ್ಡ ಸಂಸ್ಥೆಗಳು ಹೈಕೋರ್ಟಿಗೆ ಹೋಗಿ, ಯಾರೆಂದು ಗೊತ್ತಿಲ್ಲದ ಕಳ್ಳನಿಗೆ 'ಅಶೋಕ್ ಕುಮಾರ್' ಎಂದು ಹೆಸರಿಟ್ಟು ಬಿಡುಗಡೆಗೆ ಮುಂಚೆಯೇ ತಡೆಯಾಜ್ಞೆ ತರುತ್ತವೆ. 2019ರಲ್ಲಿ ದೆಹಲಿ ಹೈಕೋರ್ಟ್ ಒಂದು ಹೆಜ್ಜೆ ಮುಂದೆ ಹೋಗಿ, ಮುಚ್ಚಿಸಿದ ತಾಣ ಬೇರೆ ವಿಳಾಸದಲ್ಲಿ ತಲೆಯೆತ್ತಿದರೆ ಹೊಸ ದಾವೆಯಿಲ್ಲದೆ ಅದನ್ನೂ ತಡೆಯುವ ದಾರಿ ಮಾಡಿಕೊಟ್ಟಿತು. ಎರಡು ಕೋಟಿಯ ಕನ್ನಡ ಚಿತ್ರ ಮಾಡಿ ಮನೆ ಒತ್ತೆ ಇಟ್ಟವನು ದೆಹಲಿಯ ವಕೀಲರನ್ನು ಎಲ್ಲಿಂದ ತರುತ್ತಾನೆ?

ಕಳ್ಳ ಪ್ರತಿ ಎಲ್ಲಿ ಹುಟ್ಟುತ್ತದೆ ಎಂಬುದು ಗುಟ್ಟೇನಲ್ಲ. ಡಿಜಿಟಲ್ ಪ್ರದರ್ಶನದ ಚಿತ್ರದಲ್ಲಿಯೂ ಧ್ವನಿಯಲ್ಲಿಯೂ ಕಣ್ಣಿಗೆ ಕಾಣದ, ಕಿವಿಗೆ ಕೇಳದ ಗುರುತು ಅಡಗಿರುತ್ತದೆ. ಕದ್ದ ಪ್ರತಿಯಿಂದ ಅದನ್ನು ಹೊರತೆಗೆದರೆ ಯಾವ ಚಿತ್ರಮಂದಿರ, ಯಾವ ಶೋ ಎಂದು ತಿಳಿಯುತ್ತದೆ. ಮಲಯಾಳದ 'ಎಆರ್‌ಎಂ' ಚಿತ್ರವನ್ನು ಕೊಯಮತ್ತೂರಿನ ಚಿತ್ರಮಂದಿರದಲ್ಲಿ ಚಿತ್ರೀಕರಿಸಿದ ಆರೋಪಿಗಳನ್ನು 2024ರ ಅಕ್ಟೋಬರ್‌ನಲ್ಲಿ ಕೊಚ್ಚಿಯ ಪೊಲೀಸರು ಬಂಧಿಸಿದ್ದು ನಮ್ಮ ಬೆಂಗಳೂರಿನಲ್ಲೇ. ಕೇರಳದಲ್ಲಿ ಪೈರಸಿಗೆಂದೇ ಪೊಲೀಸ್ ಘಟಕ ಕಟ್ಟಿ ವರ್ಷಗಳಾದವು. ನಮ್ಮಲ್ಲಿ ಚಿತ್ರಮಂದಿರದವರೇ ಹೀರೋ ಎಂಟ್ರಿಗೆ ಮೊಬೈಲ್ ಎತ್ತಿ ಹಿಡಿದವರನ್ನು ನೋಡಿ ಸುಮ್ಮನಿರುತ್ತಾರೆ. ಆ ಮೂವತ್ತು ಸೆಕೆಂಡಿನ ವಾಟ್ಸ್‌ಆ್ಯಪ್ ಸ್ಟೇಟಸ್ಸೂ ಆ ಸಿನಿಮಾಟೋಗ್ರಾಫ್ ಕಾಯ್ದೆಯಲ್ಲಿ ಅಪರಾಧವೇ. ಅದನ್ನು ಪ್ರಚಾರ ಎಂದು ಸ್ವಾಗತಿಸಿದ್ದು ಚಿತ್ರರಂಗ. ಚಿಕ್ಕ ಕಳವಿಗೆ ಚಪ್ಪಾಳೆ ತಟ್ಟಿದವರ ದೊಡ್ಡ ಕಳವಿನ ದೂರಿಗೆ ಯಾರು ಕಿವಿಗೊಡುತ್ತಾರೆ?

ಗಾಂಧಿನಗರದ, ಅಂದರೆ ನಮ್ಮ ಚಿತ್ರರಂಗದ, ಬೂಟಾಟಿಕೆ ಇದೊಂದೇ ಅಲ್ಲ. ಕೊರಿಯಾದ ಡಿವಿಡಿ ನೋಡಿ ಕಥೆ ಬರೆದು, ಹಕ್ಕು ಕೇಳದೆ ಚಿತ್ರ ಮಾಡಿ, ಅದು ಸೋರಿಕೆಯಾದಾಗ ಪತ್ರಿಕಾಗೋಷ್ಠಿಯಲ್ಲಿ ಕಣ್ಣೀರಿಟ್ಟವರು ಇದ್ದಾರೆ. 2019ರಲ್ಲಿ 'ಪೈಲ್ವಾನ್' ಪ್ರತಿ ಹರಿದಾಡಿದಾಗ ಅದು ಎರಡು ಅಭಿಮಾನಿ ಬಣಗಳ ಪರಸ್ಪರ ದೂಷಣೆಯ ಕಾಳಗವಾಯಿತು. ಎದುರಾಳಿಯ ಚಿತ್ರದ ಲಿಂಕ್ ಹಂಚುವುದು ಅಭಿಮಾನದ ಸೇವೆ ಎಂದು ನಂಬುವ ಹುಡುಗರಿದ್ದಾರೆ. ಅವರ ನಾಯಕರು ಆಗೀಗ ಒಂದು ಮನವಿ ಮಾಡಿ ಕೈತೊಳೆದುಕೊಳ್ಳುತ್ತಾರೆ. ಪೈರಸಿಯಿಂದ ಭಾರತೀಯ ಚಿತ್ರರಂಗಕ್ಕೆ ವರ್ಷಕ್ಕೆ 20,000 ಕೋಟಿ ನಷ್ಟ ಎಂಬ ಅಂಕಿಯನ್ನು ಸರ್ಕಾರವೂ ಉದ್ಯಮವೂ ಒಟ್ಟಾಗಿ ಹೇಳುತ್ತವೆ. ಅಷ್ಟು ದೊಡ್ಡ ಮೊತ್ತ ಕೇಳಿದವನಿಗೆ ಯಾರೋ ಕೋಟ್ಯಧಿಪತಿಗಳ ಗೋಳು ಎನಿಸುತ್ತದೆ. ಕನ್ನಡದ ಚಿಕ್ಕ ಚಿತ್ರವೊಂದಕ್ಕೆ ಬುಧವಾರ ಕೈತಪ್ಪಿದ ಎರಡು ಶೋಗಳು ಆ ಮೊತ್ತದಲ್ಲಿ ಕಾಣುವುದೇ ಇಲ್ಲ. ಅದನ್ನು ಹೇಳಬೇಕಾದ ನಿರ್ಮಾಪಕರ ಸಂಘಟನೆಗಳು ಹೇಳಿಲ್ಲ, ಯಾವ ಶೋ ಯಾಕೆ ಹೋಯಿತು ಎಂಬ ಲೆಕ್ಕವನ್ನೂ ಜನರ ಮುಂದೆ ಇಟ್ಟಿಲ್ಲ.

ಇಷ್ಟಾದರೂ ಚಿತ್ರರಂಗದ ಬೂಟಾಟಿಕೆ ಪ್ರೇಕ್ಷಕನ ಕೈಗೆ ಪರವಾನಗಿ ಕೊಡುವುದಿಲ್ಲ. 2013ರಲ್ಲಿ 'ಲೂಸಿಯಾ' ತಯಾರಾದದ್ದು ನೂರಕ್ಕೂ ಹೆಚ್ಚು ಪ್ರೇಕ್ಷಕರು ಮುಂಗಡವಾಗಿ ಹಾಕಿದ ಸುಮಾರು ಐವತ್ತು ಲಕ್ಷ ರೂಪಾಯಿಯಲ್ಲಿ. ಗಾಂಧಿನಗರ ಕೊಡದ ದುಡ್ಡನ್ನು ನೋಡುಗರು ಕೊಟ್ಟರು. ನೋಡುವವನೇ ಸಿನಿಮಾದ ಬಂಡವಾಳಗಾರ ಎಂಬುದಕ್ಕೆ ಇದಕ್ಕಿಂತ ನೇರ ಉದಾಹರಣೆ ಬೇಡ. ಹಿಂದಿಯ ಮಾರುಕಟ್ಟೆ ಐವತ್ತು ಕೋಟಿ ಜನರದು. ಅಲ್ಲಿ ಕಳ್ಳತನದ ತೂತಿನಿಂದ ಎಷ್ಟು ಸೋರಿದರೂ ತಳದಲ್ಲಿ ಸ್ವಲ್ಪ ಉಳಿಯುತ್ತದೆ. ನಾಲ್ಕೂವರೆ ಕೋಟಿಗೂ ಕಡಿಮೆ ಜನರ ಭಾಷೆಯಲ್ಲಿ, ಅದರಲ್ಲೂ ಹಣ ಕೊಟ್ಟು ನೋಡುವ ರೂಢಿಯಿರುವವರು ಕೆಲವೇ ಲಕ್ಷ ಜನ ಇರುವಲ್ಲಿ, ಅದೇ ತೂತು ಪಾತ್ರೆಯನ್ನೇ ಬರಿದು ಮಾಡುತ್ತದೆ.

ನನ್ನ ಬೇಡಿಕೆ ದೊಡ್ಡದೇನಲ್ಲ. ಕೇರಳ ಸರ್ಕಾರ 2024ರ ಮಾರ್ಚ್‌ನಲ್ಲಿ 'ಸಿ ಸ್ಪೇಸ್' ಎಂಬ ತನ್ನದೇ ಓಟಿಟಿ ತೆರೆಯಿತು. ಒಂದು ಚಿತ್ರಕ್ಕೆ 75 ರೂಪಾಯಿ, ಅದರಲ್ಲಿ ಅರ್ಧ ನಿರ್ಮಾಪಕನಿಗೆ. ಕರ್ನಾಟಕ ಸರ್ಕಾರವೂ 2025ರ ಮಾರ್ಚ್‌ನ ಬಜೆಟ್ಟಿನಲ್ಲಿ ಕನ್ನಡ ಚಿತ್ರಗಳಿಗೆಂದು ಓಟಿಟಿ ಕಟ್ಟುವುದಾಗಿ ಘೋಷಿಸಿತು. ಅಂಥದ್ದರಲ್ಲಿ ಎರಡನೇ ವಾರದಲ್ಲೇ ಪರದೆ ಕಳೆದುಕೊಂಡ ಚಿತ್ರವನ್ನು ಮೂರನೇ ವಾರದಲ್ಲೇ ಏರಿಸಲು ನಿರ್ಮಾಪಕನಿಗೆ ಬಿಡಬೇಕು. ಇಷ್ಟು ವಾರ ಕಾಯಿರಿ ಎನ್ನುವ ಮಲ್ಟಿಪ್ಲೆಕ್ಸಿನ ಷರತ್ತು ತಾನೇ ಹೊರಗೆ ಹಾಕಿದ ಚಿತ್ರಕ್ಕೆ ಅನ್ವಯವಾಗಬಾರದು. ಮಸ್ಕತ್‌ನವನಿಗೂ ಮಾನ್ವಿಯವನಿಗೂ ಅದೇ ದಿನ, ಅದೇ ದರಕ್ಕೆ ಸಿಗಬೇಕು. ಕರ್ನಾಟಕ ಚಲನಚಿತ್ರ ವಾಣಿಜ್ಯ ಮಂಡಳಿ ತನ್ನ ಸದಸ್ಯರೆಲ್ಲರ ಪರವಾಗಿ ಒಟ್ಟಾಗಿ ಒಂದೇ ತಡೆಯಾಜ್ಞೆ ತರಲು ಒಬ್ಬ ವಕೀಲರನ್ನು ಇಟ್ಟುಕೊಳ್ಳಬೇಕು. ಯಾವ ಚಿತ್ರಮಂದಿರದ ಗುರುತು ಕದ್ದ ಪ್ರತಿಯಲ್ಲಿ ಸಿಕ್ಕಿತೋ ಅದರ ಹೆಸರನ್ನು ಶುಕ್ರವಾರದ ಜಾಹೀರಾತಿನ ಪಕ್ಕದಲ್ಲೇ ಅಚ್ಚು ಹಾಕಿಸಬೇಕು, ಆ ಚಿತ್ರಮಂದಿರಕ್ಕೆ ಮುಂದಿನ ತಾರಾಚಿತ್ರ ಕೊಡಬಾರದು. ಈ ಕೊನೆಯದಕ್ಕೆ ಒಪ್ಪುವ ತಾರೆ ಮತ್ತು ವಿತರಕ ಯಾರೆಂದು ನೋಡಲು ನನಗೆ ಕುತೂಹಲವಿದೆ.